ಸೋಮವಾರ ನಿಂತವರು

ಚಿಂಚೋಳಿ
9 ಜನವರಿ 2025

ಕರುಣಾ,

ಸೋಮವಾರ ನಿಮ್ಮ ಖಣಿಯಿಂದ ಹೊರಟವನು ಕಾಳಗಿಯಲ್ಲಿ ಮುಂದಿನ ಬಸ್ಸಿಗಾಗಿ ಎರಡು ತಾಸು ಕಾದೆ. ಬೇಸರವಾಗಲಿಲ್ಲ. ಬೂಟಿಗೆ ಹತ್ತಿದ ಕಲ್ಲಿನ ಪುಡಿಯನ್ನು ಒರೆಸಲೂ ಇಲ್ಲ. ಕಂಡದ್ದನ್ನು ಬಸ್ ಟಿಕೆಟ್ಟಿನ ಹಿಂದೆ ಬರೆದುಕೊಳ್ಳತೊಡಗಿದೆ. ಜಾಗ ಸಾಲಲಿಲ್ಲ.

ಹತ್ತೊಂಬತ್ತು ವರ್ಷಗಳ ಹಿಂದೆ ಚಿತ್ತಾಪುರದ ಕಾಲೇಜಿನಲ್ಲಿ ನಾನು ನಿನಗೆ ರಾಜ್ಯಶಾಸ್ತ್ರ ಕಲಿಸಿದೆ. ಅಧಿಕಾರ ಎಂದರೇನು ಎಂಬ ಪ್ರಶ್ನೆಗೆ ನೀನು ಅರ್ಧ ಪುಟ ಬರೆದು ನಿಲ್ಲಿಸಿದ್ದೆ. ನಾನು ಕಡಿಮೆ ಅಂಕ ಕೊಟ್ಟೆ. ಆ ಅರ್ಧ ಪುಟದಲ್ಲಿ ಏನಿತ್ತೆಂದು ಈಗ ನೆನಪಿಗೆ ಬರುತ್ತಿಲ್ಲ, ಅದೊಂದು ಕಿರಿಕಿರಿ.

ನಾನು ಅರಾಜಕತಾವಾದದ ಮೇಲೆ ಕನ್ನಡದಲ್ಲಿ ಒಂದು ಸಣ್ಣ ಪುಸ್ತಕ ಬರೆಯುತ್ತಿದ್ದೇನೆ ಎಂದಾಗ ನಿಮ್ಮವರೊಬ್ಬರು, ಗಲಾಟೆ ಬಗ್ಗೆ ಪುಸ್ತಕ ಯಾಕ್ರೀ ಸರ ಎಂದು ಕೇಳಿದರು. ಎಲ್ಲರೂ ನಕ್ಕರು. ಅಲ್ಲಿ ಉತ್ತರ ಕೊಡಲಾಗಲಿಲ್ಲ, ಇಲ್ಲಿ ಕೊಡುತ್ತೇನೆ. ಪತ್ರಿಕೆಯವರು ಬಸ್ಸಿಗೆ ಕಲ್ಲು ಬಿದ್ದರೆ ಅರಾಜಕತೆ ಎಂದು ಬರೆಯುತ್ತಾರೆ. ನಾನು ಬರೆಯುತ್ತಿರುವುದು ಅದಲ್ಲ. ಒಬ್ಬನು ಇನ್ನೊಬ್ಬನ ಮೇಲೆ ಆಜ್ಞೆ ನಡೆಸಬೇಕಾದರೆ ಅದು ಏಕೆ ಎಂದು ಅವನೇ ವಿವರಿಸಬೇಕು, ವಿವರಿಸಲಾಗದಿದ್ದರೆ ಇಳಿಯಬೇಕು. ಮರಳಿ ಪಡೆಯಲಾಗದ ಅಧಿಕಾರವನ್ನು ಯಾರ ಕೈಗೂ ಕೊಡಬಾರದು. ಇಷ್ಟು ಹೇಳಲು ನಾನು ನೂರಾ ನಲವತ್ತು ಪುಟ ಬರೆದಿದ್ದೇನೆ. ನೀವು ಒಂದು ಸಂಜೆಯಲ್ಲಿ ಮಾಡಿ ತೋರಿಸಿದಿರಿ.

ಕಲ್ಲು ಕೊಯ್ಯುವ ಹೊಸ ಯಂತ್ರವನ್ನು ಎಲ್ಲಿಡಬೇಕೆಂಬುದು ವಿಷಯ. ಒಪ್ಪಿದವರು ಒಬ್ಬೊಬ್ಬರಾಗಿ ನೆಲದ ಮೇಲೆ ಕುಳಿತರು. ಬಲಗೈಯಲ್ಲಿ ಎರಡು ಬೆರಳಿಲ್ಲದ ಒಬ್ಬ ಮನುಷ್ಯ ಮಾತ್ರ ನಿಂತೇ ಇದ್ದ. ಯಾರೂ ಅವನನ್ನು ಗದರಿಸಲಿಲ್ಲ. ಮುಕ್ಕಾಲು ತಾಸಿನ ಮೇಲೆ ನೀವೇ ಯಂತ್ರದ ಜಾಗ ಬದಲಿಸಿದಿರಿ, ಆಮೇಲೆ ಅವನು ಕುಳಿತ. ಎಲ್ಲರೂ ಕುಳಿತ ಮೇಲಷ್ಟೇ ತೀರ್ಮಾನ. ಕೈ ಎತ್ತುವುದಿಲ್ಲ, ಎಣಿಸುವುದಿಲ್ಲ, ಸೋತವರಿಲ್ಲ.

ಈ ಪದ್ಧತಿ ಎಲ್ಲಿಂದ ಬಂತು? ಫೋನ್ ನಂಬರು ಕೇಳಿದರೆ ನೀನು ವಿಳಾಸ ಕೊಟ್ಟೆ, ಅದೂ ಎರಡು. ಅದೇಕೆ?

ಸಂಗಮೇಶ್ವರ

*

ಶಹಾಬಾದ
22 ಜನವರಿ 2025

ಸರ್ ಅವರಿಗೆ ಜೈ ಭೀಮ.

ಎರಡು ವಿಳಾಸ ಏಕೆಂದರೆ, ಖಣಿಯ ವಿಳಾಸಕ್ಕೆ ಬಂದ ಕಾಗದ ಇಪ್ಪತ್ತಾರು ಜನರದು. ಸೋಮವಾರ ಸಂಜೆ ಕೆಲಸ ಮುಗಿದ ಮೇಲೆ ಎಲ್ಲರ ಎದುರು ಓದಬೇಕು. ಮನೆಯ ವಿಳಾಸಕ್ಕೆ ಬಂದದ್ದು ನನ್ನದು. ಖಣಿಯ ವಿಷಯವನ್ನು ನಾವು ಫೋನಿನಲ್ಲಿ ಮಾತಾಡುವುದಿಲ್ಲ. ಫೋನು ಒಬ್ಬರ ಕಿವಿಗೆ ಹೇಳುತ್ತದೆ. ಆ ಒಬ್ಬರು ಹೊರಗೆ ಬಂದು ಏನು ಹೇಳಿದರೂ ಉಳಿದವರು ನಂಬಬೇಕಾಗುತ್ತದೆ. ಓದುವವರು ನಾವು ಇಬ್ಬರು, ನಾನು ಮತ್ತು ಶೈಸ್ತಾ. ಅವಳು ಹತ್ತನೆಯ ತರಗತಿ ಪಾಸು. ಈಗ ಮಗಳ ಬಾಣಂತನಕ್ಕೆ ತೆಂಗಳಿಗೆ ಹೋಗಿದ್ದಾಳೆ. ಹೀಗಾಗಿ ಸದ್ಯ ನಾನೊಬ್ಬಳೇ.

ಕೂಡುವುದು ನಿಲ್ಲುವುದು ಯಾವ ಪುಸ್ತಕದಿಂದಲೂ ಬಂದದ್ದಲ್ಲ. ಮೊದಲು ಮಾಲಕರಿದ್ದರು, ಅವರ ಕೆಳಗೆ ಆಳುಗಳ ಮೇಲೆ ಒಬ್ಬ ಮುಕಾದಮ ಇದ್ದ. ಮುಕಾದಮ ಬಂದರೆ ಎಲ್ಲರೂ ಎದ್ದು ನಿಲ್ಲಬೇಕಿತ್ತು, ಊಟದ ಹೊತ್ತಾಗಿದ್ದರೂ. ಒಂಬತ್ತು ವರ್ಷದ ಹಿಂದೆ ಮಾಲಕರು ಖಣಿ ಬಿಟ್ಟು ಹೈದರಾಬಾದಿಗೆ ಹೋದರು. ಮುಕಾದಮಿಕೆಯೂ ಮುಗಿಯಿತು. ಆವತ್ತು ಹೆಂಗಸರು ಮೊದಲು ಮಾಡಿದ ಕೆಲಸವೆಂದರೆ ಕುಂತದ್ದು. ಆಮೇಲೆ ಅದೇ ರೂಢಿಯಾಯಿತು. ಒಪ್ಪಿಗೆ ಇದ್ದರೆ ಕೂಡಬೇಕು, ಇಲ್ಲದಿದ್ದರೆ ನಿಲ್ಲಬೇಕು.

ನೀವು ಬಂದದ್ದು ಒಳ್ಳೆಯ ಸೋಮವಾರ. ಈಗ ಒಂದು ತೊಡಕಾಗಿದೆ. ಖಣಿಯ ಗುತ್ತಿಗೆ ಇನ್ನೂ ಹಳೆಯ ಮಾಲಕರ ಹೆಸರಿನಲ್ಲೇ ಇದೆ, ಮಾರ್ಚ್ 31ಕ್ಕೆ ಮುಗಿಯುತ್ತದೆ. ಅಷ್ಟರೊಳಗೆ ನಾವು ಸಂಘ ಮಾಡಿಕೊಂಡು ಅರ್ಜಿ ಕೊಟ್ಟರೆ ನಮಗೆ, ಇಲ್ಲದಿದ್ದರೆ ಹರಾಜಿಗೆ. ಸಂಘದ ಅರ್ಜಿಯಲ್ಲಿ ಅಧ್ಯಕ್ಷರ ಹೆಸರು ಎಂದು ಒಂದು ಗೆರೆ ಇದೆ. ಇಪ್ಪತ್ತಾರು ಹೆಸರು ಬರೆಯುತ್ತೇವೆ ಅಂದರೆ ಆಫೀಸಿನವರು ನಕ್ಕರು. ಜಾಗ ಒಂದೇ ಹೆಸರಿಗೆ ಇರೋದು ಅಂದರು.

ಒಂದು ಹೆಸರು ಬಂದಿದೆ. ಶೈಸ್ತಾಳನ್ನು ಬಿಟ್ಟು ಹದಿನಾರು ಜನ ಕುಂತರು. ಒಂಬತ್ತು ಜನ ನಿಂತಿದ್ದಾರೆ. ನಿಮ್ಮ ಮಾತಿಗೆ ಇಲ್ಲಿ ಬೆಲೆ ಇದೆ. ನೀವು ಖಣಿಯ ವಿಳಾಸಕ್ಕೆ ಒಂದು ಪತ್ರ ಬರೆದರೆ ಒಳ್ಳೆಯದು. ಖಣಿ ಹೋದರೆ ಇಲ್ಲಿ ಕೂಡುವವರೂ ಇರುವುದಿಲ್ಲ, ನಿಲ್ಲುವವರೂ ಇರುವುದಿಲ್ಲ ಎಂಬುದು ನಿಮಗೆ ತಿಳಿಯದ್ದಲ್ಲ.

ಕರುಣಾ ಭೀಮಶ್ಯಾ

*

ಚಿಂಚೋಳಿ
4 ಫೆಬ್ರವರಿ 2025

ಖಣಿಯ ಎಲ್ಲರಿಗೂ,

ನಾನು ನಿಮ್ಮಲ್ಲಿ ಒಬ್ಬನಲ್ಲ. ಕಲ್ಲು ಎತ್ತಿದವನಲ್ಲ. ಆದ್ದರಿಂದ ಹೆಸರು ಕೊಡಿ ಎಂದಾಗಲೀ ಕೊಡಬೇಡಿ ಎಂದಾಗಲೀ ಹೇಳುವ ಹಕ್ಕು ನನಗಿಲ್ಲ. ಕೇಳಿದ್ದೀರಿ, ಅದಕ್ಕಾಗಿ ಇಷ್ಟು ಮಾತ್ರ ಹೇಳುತ್ತೇನೆ.

ನಿಂತ ಒಂಬತ್ತು ಜನರನ್ನು ಕೂರಿಸಲು ಅವಸರ ಮಾಡಬೇಡಿ. ಅವರು ಏಕೆ ನಿಂತಿದ್ದಾರೆಂದು ಕೇಳಿ. ಅವರ ಭಯಕ್ಕೆ ಉತ್ತರ ಸಿಗುವವರೆಗೆ ಅವರು ನಿಂತೇ ಇರಲಿ. ಒಬ್ಬರೇ ಉಳಿದರೂ ನಿಂತಿರಲಿ. ಸರಕಾರದ ಗಡುವು ನಿಮ್ಮ ರೂಢಿಗಿಂತ ದೊಡ್ಡದಲ್ಲ. ಅಧ್ಯಕ್ಷ ಎಂಬ ಗೆರೆ ಅರ್ಜಿಯಲ್ಲಿ ಸಣ್ಣದು. ಅದರ ಮೇಲೆ ಒಂದು ಹೆಸರು ಬಿದ್ದ ಮರುದಿನದಿಂದ ಆಫೀಸಿನವರು, ವ್ಯಾಪಾರಿಗಳು, ಲಾರಿಯವರು ಎಲ್ಲರೂ ಆ ಒಬ್ಬರನ್ನೇ ಹುಡುಕಿಕೊಂಡು ಬರುತ್ತಾರೆ. ಆ ಒಬ್ಬರು ಎಷ್ಟೇ ಒಳ್ಳೆಯವರಾದರೂ ಉಳಿದ ಇಪ್ಪತ್ತೈದು ಜನ ಅವರ ಬೆನ್ನನ್ನು ನೋಡುತ್ತ ನಿಲ್ಲಬೇಕಾಗುತ್ತದೆ.

ಸಾಮಾನ್ಯವಾಗಿ ಅಧಿಕಾರವನ್ನು ಯಾರೂ ಕಸಿದುಕೊಳ್ಳುವುದಿಲ್ಲ. ಅನುಕೂಲಕ್ಕೆಂದು ನಾವೇ ಕೊಡುತ್ತೇವೆ.

ಸಂಗಮೇಶ್ವರ

*

ಶಹಾಬಾದ
12 ಫೆಬ್ರವರಿ 2025

ಸರ್,

ಪತ್ರ ಬಂತು. ಸೋಮವಾರ ಓದಿದೆ. ಎಲ್ಲರೂ ಕಿವಿಗೊಟ್ಟು ಕೇಳಿದರು. ನಿಮ್ಮ ಅಕ್ಷರ ಬಹಳ ಚೆಂದ ಎಂದು ಒಬ್ಬರು ಹೇಳಿದರು, ಓದಲು ಬಾರದವರು.

ನಿಂತಿದ್ದ ಒಂಬತ್ತು ಜನರಲ್ಲಿ ಎಂಟು ಜನ ಕುಂತರು. ಒಬ್ಬರು ಉಳಿದಿದ್ದಾರೆ.

ಬಿಸಿಲು ಶುರುವಾಗಿದೆ. ಕೆಲಸ ಬೆಳಿಗ್ಗೆ ಆರಕ್ಕೆ.

ಕರುಣಾ

*

ಚಿಂಚೋಳಿ
2 ಮಾರ್ಚ್ 2025

ಕರುಣಾ,

ನಿನ್ನ ಪತ್ರದ ಒಂದು ಸಾಲನ್ನು ಮೂರು ಸಲ ಓದಿದೆ. ಎಂಟು ಜನ ಕುಳಿತರು. ಮೊದಲು ನಿರಾಸೆಯಾಯಿತು, ನಿಜ ಹೇಳುತ್ತೇನೆ. ಆಮೇಲೆ ಹೊಳೆಯಿತು. ನಿಂತವರನ್ನು ಕೇಳಿ ಎಂದು ನಾನು ಬರೆದೆ, ನೀವು ಕೇಳಿದಿರಿ, ಮಾತು ಕೇಳಿಸಿಕೊಂಡವರು ತಾವಾಗಿ ಕುಳಿತರು. ಒತ್ತಾಯವಿಲ್ಲದ ಒಪ್ಪಿಗೆ ಎಂದರೆ ಇದೇ ಅಲ್ಲವೇ. ಪುಸ್ತಕದ ಆರನೆಯ ಅಧ್ಯಾಯವನ್ನು ಹರಿದು ಮತ್ತೆ ಬರೆಯುತ್ತಿದ್ದೇನೆ, ನಿಮ್ಮ ಖಣಿಯಿಂದಲೇ ಶುರು. ನಾನು ಬರೆದದ್ದೊಂದು ಎಲ್ಲಿಯೋ ನಿಜವಾಗಿ ಕೆಲಸ ಮಾಡಿತು ಎಂಬುದು ಈ ವಯಸ್ಸಿನಲ್ಲಿ ಸಣ್ಣ ವಿಷಯವಲ್ಲ.

ಇಲ್ಲಿ ಒಂದು ಬದಲಾವಣೆಯಾಗಿದೆ, ಹೇಳುವಂಥದ್ದೇನಲ್ಲ. ನಮ್ಮ ಪ್ರಿನ್ಸಿಪಾಲರು ನಿವೃತ್ತರಾದರು. ಹೊಸಬರು ಬರುವವರೆಗೆ ಮೂರು ತಿಂಗಳು ಪ್ರಭಾರ ನನಗೆ. ಬೇಡ ಎನ್ನಲು ಹೋಗಿದ್ದೆ. ಹೋದಾಗ ಆದೇಶದ ಪ್ರತಿ ಆಗಲೇ ಟೈಪಾಗಿತ್ತು, ನನ್ನ ಹೆಸರಿನ ಕಾಗುಣಿತ ತಪ್ಪಾಗಿತ್ತು. ಅದನ್ನು ತಿದ್ದಿಸಿದೆ. ಬೇಡ ಎನ್ನುವುದು ಅಲ್ಲಿಗೆ ಮುಗಿದುಹೋಯಿತು.

ಒಂದು ವಿಚಿತ್ರ. ನಾನು ಸ್ಟಾಫ್ ರೂಮಿಗೆ ಹೋದರೆ ಎಲ್ಲರೂ ಎದ್ದು ನಿಲ್ಲುತ್ತಾರೆ, ಹದಿನೈದು ವರ್ಷ ಜೊತೆಯಲ್ಲಿ ಚಹಾ ಕುಡಿದವರು. ಕೋಣೆಯ ಬಾಗಿಲಲ್ಲಿ ಸ್ಟೂಲಿನ ಮೇಲೆ ಕೂರುವ ಜವಾನ ಭಾಗಣ್ಣ ನನ್ನ ಹೆಜ್ಜೆಯ ಸದ್ದಿಗೇ ಏಳುತ್ತಾನೆ. ಮೊದಲ ದಿನ ಸಂಕೋಚದಿಂದ ತಕ್ಷಣ, ಕೂತ್ಕೊಳ್ಳಿ ಕೂತ್ಕೊಳ್ಳಿ ಎಂದೆ. ಈಗಲೂ ಅನ್ನುತ್ತೇನೆ. ಆದರೆ ನಿನ್ನೆ ಗಮನಿಸಿದೆ: ಅನ್ನುವ ಮೊದಲು ಎರಡು ಕ್ಷಣ ತಡ ಮಾಡುತ್ತೇನೆ. ಆ ಎರಡು ಕ್ಷಣ ನಾನು ಏನು ಮಾಡುತ್ತಿರುತ್ತೇನೆ?

ಇರಲಿ. ಉಳಿದ ಆ ಒಬ್ಬರು ಯಾರು?

ಸಂಗಮೇಶ್ವರ

*

ಶಹಾಬಾದ
11 ಮಾರ್ಚ್ 2025

ಸರ್,

ಉಳಿದವನು ನಮ್ಮಪ್ಪ. ಬಂದಿರುವ ಹೆಸರು ನನ್ನದು. ಇವೆರಡನ್ನೂ ಜನವರಿಯಲ್ಲೇ ಬರೆಯಬೇಕಿತ್ತು.

ಅಪ್ಪನಿಗೆ ಈಗ ಎಪ್ಪತ್ತೊಂದು. ಮೊಣಕಾಲು ಹೋಗಿವೆ. ಎಂಟು ಸೋಮವಾರದಿಂದ ಕೆಲಸ ಮುಗಿದ ಮೇಲೆ ನೆಲಕ್ಕೆ ಹಾಸುವ ಫರಸಿ ಕಲ್ಲಿನ ಒಟ್ಟಿಲಿಗೆ ಬೆನ್ನು ಕೊಟ್ಟು ನಿಲ್ಲುತ್ತಾನೆ, ಕತ್ತಲಾಗಿ ಎಲ್ಲರೂ ಏಳುವತನಕ. ಮನೆಗೆ ಬಂದು ಕಾಲಿಗೆ ಬಿಸಿನೀರು ಹಾಕಿಸಿಕೊಳ್ಳುತ್ತಾನೆ, ನನ್ನ ಕೈಯಿಂದಲೇ. ಆಗ ಇಬ್ಬರೂ ಆ ಮಾತು ಎತ್ತುವುದಿಲ್ಲ.

ಒಬ್ಬ ಮುಕಾದಮ ಇದ್ದ ಎಂದು ಬರೆದಿದ್ದೆನಲ್ಲ, ಅವನೇ ಇವನು. ಹದಿನೇಳು ವರ್ಷ. ನೀವು ನೋಡಿದ ಎರಡು ಬೆರಳಿಲ್ಲದ ಮನುಷ್ಯ ಸಾಬಣ್ಣ. ಅವನ ಕೈ ಮೇಲೆ ಚಪ್ಪಡಿ ಜಾರಿದ ದಿನ ಅಪ್ಪ ಅವನನ್ನು ನೆರಳಿಗೆ ಕೂಡ್ರಿಸಿ, ಲಾರಿ ತುಂಬುವತನಕ ಯಾರನ್ನೂ ದವಾಖಾನೆಗೆ ಕಳಿಸಲಿಲ್ಲ. ಯಾರೂ ಏನೂ ಅನ್ನಲಿಲ್ಲ. ನಾನು ಅಲ್ಲೇ ಇದ್ದೆ, ಆಗ ಬಿ.ಎ. ಮುಗಿಸಿ ಬಂದಿದ್ದೆ. ನಾನೂ ಅನ್ನಲಿಲ್ಲ. ಅಧಿಕಾರ ಎಂದರೇನು ಎಂಬುದಕ್ಕೆ ಅರ್ಧ ಪುಟ ಬರೆದವಳು.

ಮಾಲಕರು ಹೋದ ಮೇಲೆ ಜನ ಅಪ್ಪನನ್ನು ಓಡಿಸಬಹುದಿತ್ತು. ಓಡಿಸಲಿಲ್ಲ. ಎಲ್ಲರ ಹಾಗೆ ಕಲ್ಲು ಎತ್ತು ಅಂದರು. ಎತ್ತಿದ. ಈಗ ಅವನ ಮಗಳ ಹೆಸರಿಗೆ ಅವನೇ ಅಡ್ಡ ನಿಂತಿದ್ದಾನೆ.

ನೀವು ನಮ್ಮ ರೂಢಿಯನ್ನು ಬಹಳ ಹೊಗಳಿದಿರಿ, ಹೀಗಾಗಿ ಒಂದು ಮಾತು. ಕುಂತವರೆಲ್ಲ ಒಪ್ಪಿದವರಲ್ಲ ಸರ್. ಹನ್ನೆರಡು ತಾಸು ದುಡಿದ ಮೇಲೆ ನಿಲ್ಲುವುದಕ್ಕೆ ಶಕ್ತಿ ಬೇಕು. ಮೊದಲು ಕೂಡುವವರು ಬಸುರಿಯರು, ಮುದುಕರು. ಹೆಚ್ಚು ಹೊತ್ತು ನಿಲ್ಲಬಲ್ಲವಳು ನಾನು. ಇದು ನನಗೆ ಬಹಳ ದಿನದಿಂದ ಗೊತ್ತು. ನಿಮ್ಮ ಪುಸ್ತಕದಲ್ಲೂ ಎಲ್ಲರೂ ಸಮಾನರಾಗಿ ಕುಂತ ಜಾಗದಲ್ಲಿ ಎತ್ತರದ ಒಂದು ಪೀಠ ಇದ್ದೇ ಇರುತ್ತದೆ, ಹುಡುಕಿ ನೋಡಿರಿ.

ನನ್ನ ಹೆಸರು ಬೇಡ ಅನ್ನುವುದಕ್ಕೆ ಅಪ್ಪ ಕಾರಣ ಹೇಳುವುದಿಲ್ಲ. ನಿನ್ನೆ ಒಂದೇ ಮಾತು ಅಂದ: "ಸರ ಕುಂದರ್ರಿ ಅಂತ ಬರದಾರ ಅಂದ್ರ ನನಗ ನಂಬಿಕಿ ಆಗವಲ್ದು. ಶೈಸ್ತಾ ಬರ್ಲಿ. ಆ ಕಾಗದ ಮತ್ತೊಮ್ಮಿ ಓದಸ್ರಿ."

ಇಪ್ಪತ್ತು ದಿನ ಉಳಿದಿವೆ.

ಕರುಣಾ

*

ಚಿಂಚೋಳಿ
15 ಮಾರ್ಚ್ 2025

ಖಣಿಯ ಎಲ್ಲರಿಗೂ,

ಫೆಬ್ರವರಿ 4ರಂದು ನಾನು ನಿಮಗೆ ಬರೆದ ಪತ್ರದ ಪ್ರತಿಯೊಂದು ನನ್ನಲ್ಲಿದೆ. ಇದರೊಂದಿಗೆ ಇಟ್ಟಿದ್ದೇನೆ. ಅದರಲ್ಲಿ ಕುಳಿತುಕೊಳ್ಳಿ ಎಂಬ ಮಾತು ಎಲ್ಲಿಯೂ ಇಲ್ಲ. ಹಾಗೆ ನಿಮಗೆ ಓದಿ ಹೇಳಲಾಗಿದ್ದರೆ ಅದು ನನ್ನದಲ್ಲ.

ಶ್ರೀಮತಿ ಶೈಸ್ತಾ ಅವರು ಮರಳಿದ್ದರೆ ದಯವಿಟ್ಟು ಅವರು ಓದಬೇಕು.

ಕರುಣಾ ಅವರೇ, ನೀವು ಆ ದಿನ ಏನು ಓದಿದಿರಿ?

ಸಂಗಮೇಶ್ವರ
ಪ್ರಭಾರ ಪ್ರಾಚಾರ್ಯ

*

ಶಹಾಬಾದ
29 ಮಾರ್ಚ್ 2025

ಸರ್,

ನಿಮ್ಮ ಪತ್ರ ಖಣಿಯ ವಿಳಾಸಕ್ಕೆ ಬಂತು. ಮನೆಯ ವಿಳಾಸ ನಿಮ್ಮ ಹತ್ತಿರ ಇತ್ತು. ಮರೆತು ಹಾಗೆ ಮಾಡಿದಿರೋ ಬೇಕೆಂದೇ ಮಾಡಿದಿರೋ ನಾನು ಕೇಳುವುದಿಲ್ಲ. ಜೀವನದಲ್ಲಿ ಮೊದಲ ಸಲ ನನಗೆ ನೀವು ಅಂದಿರಿ, ಅದು ಬೇಕೆಂದೇ ಇರಬೇಕು.

ಆ ದಿನ ನಾನು ಓದಿದ್ದು ಇದು: ಸರ್ ಬರೆದಿದ್ದಾರೆ, ಖಣಿ ಉಳಿಸಿಕೊಳ್ಳುವುದೇ ಮೊದಲು, ಹೆಸರು ಬರೀ ಕಾಗದಕ್ಕೆ, ಎಲ್ಲರೂ ಕುಂದರ್ರಿ. ನಿಮ್ಮ ಕಾಗದವನ್ನು ಕೈಯಲ್ಲಿ ಹಿಡಿದುಕೊಂಡೇ ಹೇಳಿದೆ. ಹರಾಜಾದರೆ ಬರುವವನು ತನ್ನ ಯಂತ್ರ ತರುತ್ತಾನೆ, ತನ್ನ ಆಳು ತರುತ್ತಾನೆ. ಹದಿನಾಲ್ಕು ಹೆಂಗಸರಿಗೆ ಮತ್ತೆ ಯಾವ ಖಣಿಯಲ್ಲೂ ಕೆಲಸ ಸಿಗುವುದಿಲ್ಲ. ಇದು ಕಾರಣ. ಇನ್ನೊಂದು ಕಾರಣವೂ ಇತ್ತು. ಆ ಗೆರೆಯ ಮೇಲೆ ನನ್ನ ಹೆಸರು ನೋಡಬೇಕು ಅನಿಸಿತ್ತು. ಮುಕಾದಮನ ಮಗಳು ಅಂತಲ್ಲದೆ.

ಇಪ್ಪತ್ನಾಲ್ಕನೇ ತಾರೀಕು ಶೈಸ್ತಾ ಓದಿದಳು. ಅವಳದು ನಿಧಾನದ ಓದು, ಒಂದೊಂದು ಅಕ್ಷರಕ್ಕೂ ಬೆರಳಿಟ್ಟು. ಒಬ್ಬರೇ ಉಳಿದರೂ ನಿಂತಿರಲಿ ಎಂಬಲ್ಲಿಗೆ ಬಂದಾಗ ಅವಳೇ ಮೊದಲು ಎದ್ದಳು, ಓದುತ್ತಲೇ. ಆಮೇಲೆ ಒಬ್ಬೊಬ್ಬರಾಗಿ ಎದ್ದರು. ಯಾರೂ ನನ್ನನ್ನು ಬೈಯಲಿಲ್ಲ. ಮೈಗೆ ಹತ್ತಿದ ಪುಡಿ ಝಾಡಿಸಿಕೊಳ್ಳುವ ಸದ್ದು ಮಾತ್ರ. ಕಡೆಗೆ ನೋಡಿದರೆ ಕುಂತವಳು ನಾನೊಬ್ಬಳೇ. ನನ್ನ ಹೆಸರಿಗೆ ನನ್ನದೊಂದೇ ಒಪ್ಪಿಗೆ.

ಅಪ್ಪ ಆಗ ಮಾತಾಡಿದ. "ನನಗ ಹ್ಯಾಂಗ ತಿಳೀತು ಅಂತೀರೇನು? ಓದೋರ ಕಣ್ಣ ಕಾಗದದ ಮ್ಯಾಲ ಓಡತಾವ. ಇಕಿ ಕಣ್ಣ ನಮ್ಮ ಮ್ಯಾಲ ಇದ್ವು. ನಾನೂ ಹಂಗಽ ಮಾಡ್ತಿದ್ದೆ. ಮಾಲಕರ ಚೀಟಿ ಹಿಡಕೊಂಡು, ಮಾಲಕರು ಹಿಂಗ ಹೇಳ್ಯಾರ ಅಂತಿದ್ದೆ. ಚೀಟ್ಯಾಗ ಏನಿತ್ತೋ ನನಗ ಏನ್ ಗೊತ್ತು, ನಾ ಓದಿಲ್ಲ ಬರದಿಲ್ಲ."

ಸಾಬಣ್ಣ ಅಂದ, "ಅಂದ್ರ ಆವತ್ತ ಲಾರಿ ತುಂಬಸ್ರಿ ಅಂತ ಮಾಲಕ ಹೇಳಿದ್ದಿಲ್ಲ?"

"ಹೇಳಿದ್ದಿಲ್ಲ," ಅಂದ ಅಪ್ಪ.

ಶೈಸ್ತಾ ನಿಮ್ಮ ಕಾಗದ ಮಡಚುತ್ತ, ಬೈದಾಡೋಣು ಅಂದ್ರ ಮುಂದಿನ ತಿಂಗಳ ಬೈದಾಡಲಿಕ್ಕ ಜಾಗಾ ಇರಂಗಿಲ್ಲ, ತಾರೀಕು ಸಮೀಪ ಬಂದದ ಅಂದಳು. ಒಂದಿಬ್ಬರು ನಕ್ಕರು. ಆಮೇಲೆ ಅಪ್ಪ ಹೇಳಿದ ಮಾತಿದು. ಹೆಸರು ಕೊಡ್ರಿ. ಇಕಿ ಹೆಸರಽ ಕೊಡ್ರಿ, ಆಫೀಸಿನ್ಯಾಗ ಮಾತಾಡಲಿಕ್ಕ ಇಕಿಗೆ ಬರ್ತದ. ಆದ್ರ ಇಳಿಯೋ ಕಾಗದ ಈಗಽ ಬರಸ್ಕೋರಿ, ಸಹಿ ಮಾಡಸ್ಕೋರಿ. ತಾರೀಕ ಹಾಕಬ್ಯಾಡ್ರಿ. ತಾರೀಕ ಹಾಕೋದು ನಿಮ್ಮ ಕೈಯಾಗ ಇರ್ಲಿ.

ಯಾರ ಕೈಯಲ್ಲಿ ಎಂಬ ಪ್ರಶ್ನೆ ಬಂತು. "ಸಾಬಣ್ಣನ ಕೈಯಾಗ," ಅಂದ ಅಪ್ಪ. "ನನ್ನ ಕಡಿಂದ ಇಂಥಾದೊಂದು ಕಾಗದ ಯಾರರ ಬರಸ್ಕೊಂಡಿದ್ರ ಅವನ ಬೆರಳ ಉಳಿತಿದ್ವು."

ಸಾಬಣ್ಣನಿಗೆ ಓದಲು ಬರುವುದಿಲ್ಲ. ಚಪ್ಪಡಿಯ ಅಳತೆಗೆ ಸುಣ್ಣದ ಕಡ್ಡಿಯಿಂದ ಅಂಕಿ ಬರೆಯುತ್ತಾನೆ, ಅಷ್ಟು ಸಾಕು ಅಂದರು. ಅವನು ನನ್ನ ಕಡೆಗೂ ನೋಡಲಿಲ್ಲ, ಅಪ್ಪನ ಕಡೆಗೂ ನೋಡಲಿಲ್ಲ. ಸ್ವಲ್ಪ ಹೊತ್ತಿಗೆ ಕುಂತ. ಅವನು ಕುಂತ ಮೇಲೆ ಉಳಿದವರು. ಅಪ್ಪನನ್ನು ಇಬ್ಬರು ತೋಳು ಹಿಡಿದು ಇಳಿಸಿದರು, ಮೊಣಕಾಲು ಮಡಚಲಿಲ್ಲ, ಕಾಲು ಚಾಚಿ ಕುಂತ. ಕಲ್ಲಿನ ಒಟ್ಟಿಲಿನ ಮೇಲೆ ಕಾಗದ ಇಟ್ಟು ನಾನೇ ಬರೆದೆ. ಅದರ ಪ್ರತಿ ಇಟ್ಟಿದ್ದೇನೆ.

ನಿನ್ನೆ ಅರ್ಜಿ ಕೊಟ್ಟು ಬಂದೆವು. ನೀವು ಕುರ್ಚಿಯ ಬಗ್ಗೆ ಬರೆದಿದ್ದಿರಿ, ಎರಡು ಕ್ಷಣದ ಬಗ್ಗೆ. ಅಂಥದೊಂದು ಕಾಗದ ನೀವೂ ಬರೆದು ನೋಡಿರಿ ಸರ್.

ಕರುಣಾ

(ಪ್ರತಿ)

ದಿನಾಂಕ:

ಇವರಿಗೆ,
ಸಂಘದ ಎಲ್ಲ ಸದಸ್ಯರಿಗೆ.

ವಿಷಯ: ಅಧ್ಯಕ್ಷ ಸ್ಥಾನಕ್ಕೆ ರಾಜೀನಾಮೆ.

ಮೇಲೆ ಹೇಳಿದ ವಿಷಯಕ್ಕೆ ಸಂಬಂಧಿಸಿದಂತೆ, ನಾನು ಸಂಘದ ಅಧ್ಯಕ್ಷ ಸ್ಥಾನವನ್ನು ಈ ದಿನದಿಂದ ಬಿಟ್ಟುಕೊಡುತ್ತಿದ್ದೇನೆ. ಕಾರಣ ಸದಸ್ಯರಿಗೆ ಗೊತ್ತಿದೆ. ನನ್ನ ಮೇಲೆ ಯಾರ ಒತ್ತಾಯವೂ ಇಲ್ಲ.

ಸಹಿ,
ಕರುಣಾ ಭೀಮಶ್ಯಾ

*

ಚಿಂಚೋಳಿ
12 ಏಪ್ರಿಲ್ 2025

ಕರುಣಾ ಅವರಿಗೆ,

ನೀವು ಕೇಳುವುದಿಲ್ಲ ಎಂದಿದ್ದೀರಿ, ಆದರೂ ಹೇಳುತ್ತೇನೆ. ಎರಡೂ ವಿಳಾಸ ಮೇಜಿನ ಮೇಲಿದ್ದವು. ಲಕೋಟೆಯ ಮೇಲೆ ಬರೆಯಲು ಭಾಗಣ್ಣನಿಗೆ ಕೊಟ್ಟೆ, ಖಣಿಯದು ಎಂದೆ. ಸತ್ಯ ಎಲ್ಲರಿಗೂ ತಿಳಿಯಲಿ ಎಂದು ಮಾಡಿದೆ ಎಂದುಕೊಂಡಿದ್ದೆ. ಪತ್ರ ಹೋದ ಮೇಲೆ, ನನ್ನ ಅಧ್ಯಾಯ ಹಾಳು ಮಾಡಿದ್ದಕ್ಕೆ ಸಿಟ್ಟಿನಿಂದ ಮಾಡಿದೆ ಎನ್ನಿಸಿತು. ನನ್ನ ಮಾತನ್ನು ತಿರುಚಿದ್ದೀರಿ ಎಂಬುದಕ್ಕಿಂತ, ತಿರುಚಿದ ಮಾತಿಗೆ ಎಂಟು ಜನ ತಕ್ಷಣ ಕುಳಿತರಲ್ಲ, ಅದು ಹೆಚ್ಚು ಕೆಟ್ಟದ್ದು. ನಾನು ಏನು ಬರೆದಿದ್ದರೂ ಅವರು ಹಾಗೆಯೇ ಕೇಳುತ್ತಿದ್ದರು. ಯಾರ ಮಾತನ್ನೂ ಪ್ರಶ್ನಿಸದೆ ಒಪ್ಪಬಾರದು ಎಂದು ಪುಸ್ತಕ ಬರೆದವನ ಮಾತು.

ನೀವು ಹೇಳಿದಂತೆ ನಾನೂ ಒಂದು ಬರೆದೆ. ತಾರೀಕು ಹಾಕಲಿಲ್ಲ. ಆಮೇಲೆ ಅದನ್ನು ಯಾರ ಕೈಗೆ ಕೊಡಬೇಕೆಂದು ಎರಡು ದಿನ ಯೋಚಿಸಿದೆ. ಆಡಳಿತ ಮಂಡಳಿಗೆ ಕೊಟ್ಟರೆ ಅದು ಮೇಲಕ್ಕೆ ಕೊಟ್ಟಂತೆ. ಸಹೋದ್ಯೋಗಿಗಳಿಗೆ ಕೊಟ್ಟರೆ ನಾಳೆಯೇ ತಾರೀಕು ಬಿದ್ದೀತು. ಕಡೆಗೆ ಭಾಗಣ್ಣನಿಗೆ ಕೊಟ್ಟು ಏನೆಂದು ವಿವರಿಸಿದೆ. ಅವನು ಓದಿದ, ಮಡಚಿದ, ಮತ್ತೆ ಬಿಚ್ಚಿದ. "ಸರ, ಇದನ್ನ ಇನ್‌ವರ್ಡ್ ರಜಿಸ್ಟರಿನ್ಯಾಗ ಬರಕೊಳ್ಳಲೇನು?" ಎಂದು ಕೇಳಿದ. ಬೇಡ, ನಿನ್ನ ಹತ್ತಿರವೇ ಇರಲಿ ಎಂದೆ. "ನನ್ನ ಹತ್ರ ಯಾಕ್ರಿ ಸರ? ನಾ ಏನ್ ತಪ್ಪ ಮಾಡೀನಿ?" ಎಂದ. ಮರುದಿನ ಬೆಳಿಗ್ಗೆ ಅದು ನನ್ನ ಮೇಜಿನ ಮೇಲೆ ಪೇಪರ್‌ವೇಟ್‌ನ ಕೆಳಗಿತ್ತು.

ನಿಮ್ಮಲ್ಲಿ ಆ ಕಾಗದ ಇಟ್ಟುಕೊಳ್ಳುವವನೊಬ್ಬ ಸಿಕ್ಕಿದ. ಹಾಗಾಗಲು ಒಂಬತ್ತು ವರ್ಷ ಬೇಕಾಯಿತು, ಎರಡು ಬೆರಳು ಬೇಕಾದವು. ಇಲ್ಲಿ ಅದನ್ನು ಹಿಡಿಯುವವರೇ ಇಲ್ಲ. ಅಥವಾ ಹಾಗೆಂದು ಹೇಳಿಕೊಳ್ಳುವುದು ನನಗೆ ಅನುಕೂಲ.

ನನ್ನ ಪ್ರಭಾರವನ್ನು ಇನ್ನೂ ಆರು ತಿಂಗಳು ಮುಂದುವರಿಸಿದ್ದಾರೆ. ಆರನೆಯ ಅಧ್ಯಾಯ ನಿಂತಿದೆ.

ಸಂಗಮೇಶ್ವರ

*

ಶಹಾಬಾದ
13 ಆಗಸ್ಟ್ 2025

ಸರ್ ಅವರಿಗೆ ಜೈ ಭೀಮ.

ಏಪ್ರಿಲ್ ಪತ್ರಕ್ಕೆ ಈಗ ಉತ್ತರ. ಜೂನಿನಲ್ಲಿ ಗುತ್ತಿಗೆ ನಮ್ಮ ಸಂಘಕ್ಕೆ ಬಂತು. ಅಪ್ಪ ಈಗ ಖಣಿಗೆ ಬರುವುದಿಲ್ಲ, ಕೋಲು ಹಿಡಿದು ಮನೆಯ ಮುಂದೆ ಅಡ್ಡಾಡುತ್ತಾನೆ. ಇನ್ನು ಮುಂದೆ ಖಣಿಯ ವಿಷಯ ಏನಾದರೂ ಬೇಕಾದರೆ ಶೈಸ್ತಾಳಿಗೆ ಬರೆಯಿರಿ. ಮೊನ್ನೆ ಸಂಜೆಯಿಂದ ಅಧ್ಯಕ್ಷೆ ಅವಳು. ಅವಳೂ ಒಂದು ಕಾಗದ ಬರೆದುಕೊಟ್ಟಿದ್ದಾಳೆ, ಅದು ನನ್ನ ಹತ್ತಿರ ಇರಲಿ ಎಂದು ಎಲ್ಲರೂ ಕುಂತರು. ಅದನ್ನು ಅಕ್ಕಿಯ ಡಬ್ಬಿಯಲ್ಲಿ ಇಟ್ಟಿದ್ದೇನೆ. ಕೈಗೆ ಭಾರ ಅನಿಸುತ್ತದೆ ಸರ್, ಒಂದು ಹಾಳೆ.

ಏನಾಯಿತೆಂದು ಹೇಳುತ್ತೇನೆ. ಜುಲೈ ಮಳೆಗೆ ಖಣಿಯ ತಳದಲ್ಲಿ ನೀರು ನಿಂತಿತು. ಆ ವಾರ ಸೇಡಂನಿಂದ ಒಬ್ಬ ಗುತ್ತಿಗೆದಾರ ನನಗೆ ಫೋನ್ ಮಾಡಿದ, ಶಾಲೆಯ ಅಂಗಳಕ್ಕೆ ದೊಡ್ಡ ಅಳತೆಯ ಚಪ್ಪಡಿ ಬೇಕು, ಈಗಲೇ ಹೇಳಿರಿ, ಇಲ್ಲದಿದ್ದರೆ ಬೇರೆ ಕಡೆ ನೋಡುತ್ತೇನೆ ಅಂದ. ಸೋಮವಾರಕ್ಕೆ ಇನ್ನೂ ನಾಲ್ಕು ದಿನ ಇತ್ತು. ಆಗಲಿ ಅಂದೆ. ಒಳ್ಳೆಯ ಕೆಲಸ, ಎಲ್ಲರಿಗೂ ಒಂದು ತಿಂಗಳ ದುಡಿಮೆ. ಆದರೆ ಆ ಅಳತೆಯ ಕಲ್ಲು ಇರುವುದು ಕೆಳಗಿನ ಮೂಲೆಯಲ್ಲಿ, ನೀರು ಜಿನುಗುವ ಗೋಡೆಯ ಬುಡಕ್ಕೆ. ಸೋಮವಾರ ನಾನು ವಿಷಯವನ್ನು ಒಪ್ಪಿಗೆಗೆ ಇಡಲಿಲ್ಲ. ಹೀಗೆ ಮಾತು ಕೊಟ್ಟಾಗಿದೆ ಎಂದು ಹೇಳಿದೆ. ಯಾರೂ ನಿಲ್ಲಲಿಲ್ಲ. ಕೇಳಿದರೆ ತಾನೇ ನಿಲ್ಲುವುದು.

ಮೂರು ವಾರ ಆ ಮೂಲೆಯಲ್ಲಿ ಕೆಲಸ ನಡೆಯಿತು. ಯಾರಿಗೂ ಏನೂ ಆಗಲಿಲ್ಲ. ಇದನ್ನು ನಾನು ನನಗೇ ದಿನವೂ ಹೇಳಿಕೊಳ್ಳುತ್ತಿದ್ದೆ. ಸಾಬಣ್ಣ ಒಮ್ಮೆ, ಗ್ವಾಡಿ ನೆನದದ ಅಂದ. ನನಗೂ ಕಣ್ಣದಾವ ಅಂದೆ. ಅಂದ ಮೇಲೆ ನನ್ನ ದನಿ ನನಗೇ ಕೇಳಿಸಿತು, ಆದರೆ ಆಗ ಲಾರಿ ಬಂದಿತ್ತು.

ಮೊನ್ನೆ ಸೋಮವಾರ ಮಧ್ಯಾಹ್ನ ಬುತ್ತಿ ಬಿಚ್ಚುವ ಹೊತ್ತಿಗೆ ಸಾಬಣ್ಣ ನಾನಿದ್ದಲ್ಲಿಗೆ ಬಂದ. ಉಳಿದವರು ಆಚೆ ಬೇವಿನ ಗಿಡದ ಕೆಳಗಿದ್ದರು. ಅವನು ಕೈಯನ್ನು ಧೋತರಕ್ಕೆ ಎರಡು ಸಲ ಒರೆಸಿಕೊಂಡ. ಪ್ಲಾಸ್ಟಿಕ್ ಚೀಲದಿಂದ ಒಂದು ಕಾಗದ ತೆಗೆದು ಚಪ್ಪಡಿಯ ಮೇಲೆ ಹರವಿ, ಗಾಳಿಗೆ ಹಾರದಂತೆ ಅಂಚಿಗೆ ಕಲ್ಲಿಟ್ಟ. ಮೂರು ಬೆರಳಿನಲ್ಲಿ ಪೆನ್ನು ಹಿಡಿದ.

"ತಂಗೀ, ಇವತ್ತ ತಾರೀಕ ಎಷ್ಟ?" ಅಂದ.

ಕಾಗದ ಯಾವುದೆಂದು ನನಗೆ ಕಂಡಿತ್ತು. ಅದು ನನ್ನದೇ ಅಕ್ಷರ. ಗೊತ್ತಿಲ್ಲ ಅನ್ನಬಹುದಿತ್ತು. ತಪ್ಪು ಹೇಳಿದ್ದರೂ ಅವನಿಗೆ ತಿಳಿಯುತ್ತಿರಲಿಲ್ಲ, ಆಫೀಸಿನವರು ಆ ಕಾಗದವನ್ನು ವಾಪಸ್ ಕಳಿಸುತ್ತಿದ್ದರು. ಅವನು ತಲೆ ಎತ್ತಿರಲಿಲ್ಲ. ಪೆನ್ನಿನ ಮೊನೆ ಕಾಗದದ ಮೇಲೆ ಊರಿಕೊಂಡು ಕಾಯುತ್ತಿದ್ದ.

ಹನ್ನೊಂದು, ಅಂದೆ.

ಒಂದು ಬರೆದ, ಪಕ್ಕದಲ್ಲಿ ಇನ್ನೊಂದು.

"ತಿಂಗಳ?"

ಎಂಟು, ಅಂದೆ.

ಕರುಣಾ